ಸುಣ್ಣ ಕಾಣದ ಗೋಡೆ

ದಾರಿ ತಪ್ಪಿದೆನಾ?

ಇಲ್ಲ... ಬಲಕ್ಕೆ ಬೇಕರಿ, ಎಡಕ್ಕೆ ಬಾವಿ, ಬಾವಿಯ ಪಕ್ಕ ಕಲ್ಲಿನ ಬೆಂಚು. ಬೆಂಚಿನ ಮೇಲೆ ಟೋಪಿ ಹಾಕಿಕೊಂಡ ಅದೇ ಮೂವರು ಮುದುಕರು. ಬೀದಿ ಇದೇ. ಹಾಗಾದರೆ ನನ್ನ ಗೋಡೆ ಎಲ್ಲಿ?

ಫಿಲೋಮೆನಾ ಕಾರಿನ ಬಾಗಿಲು ಹಾಕುವುದನ್ನೂ ಮರೆತು ನಿಂತುಬಿಟ್ಟಳು. ಅವಳ ಕೈಯಲ್ಲಿದ್ದ ಫೈಲಿನಲ್ಲಿ ಆ ಗೋಡೆಯ ನೂರಾ ಹದಿನೇಳು ಫೋಟೋಗಳಿದ್ದವು. ಸೂರಿನ ಕೆಳಗೆ ಮಳೆನೀರು ಇಳಿದಿಳಿದು ಮೂಡಿದ ಕಂದು ಗೆರೆ. ಬುಡದಲ್ಲಿ ಒಣಗಿದ ಪಾಚಿ. ಬಾಗಿಲ ಪಕ್ಕ, ಯಾರೋ ದಿನವೂ ಕೈಯೂರಿ ಚಪ್ಪಲಿ ಕಳಚುತ್ತಿದ್ದ ಕಡೆ, ಅಂಗೈಯಗಲದ ಕಪ್ಪು ಕಲೆ.

ಈಗ ಅಲ್ಲಿ ಏನೂ ಇರಲಿಲ್ಲ. ಬರೀ ಬಿಳಿ. ಮೇ ತಿಂಗಳ ಬಿಸಿಲಿಗೆ ಕಣ್ಣು ಕುಕ್ಕುವ, ಹಸಿ ಹಸಿ, ಹಾಲಿನಂಥ ಬಿಳಿ!

ಇವತ್ತು ಶುಕ್ರವಾರ. ಸೋಮವಾರ ಬೆಳಿಗ್ಗೆ ಹತ್ತಕ್ಕೆ ಇದೇ ಗೋಡೆಯ ಮುಂದೆ ಅವಳ ಸಿನಿಮಾದ ಕ್ಯಾಮೆರಾ ತಿರುಗಬೇಕು.

ಏಣಿಯಿಂದ ಒಬ್ಬ ಇಳಿದ. ಒಟಾವಿಯು. ಈ ಊರಿನ, ಸಾಂತಾ ಬ್ರಿಜಿದಾದ, ಸುಣ್ಣದ ಗೂಡಿನವನು. ಸುತ್ತಲ ಹತ್ತು ಊರಿಗೆ ಸುಣ್ಣ ಸುಟ್ಟುಕೊಡುವ ಕೊನೆಯ ಮನುಷ್ಯ. ಈ ಮನೆ ಅವನದೇ. ಕೆಲಸದ ದಿನವಾದರೂ ಇಸ್ತ್ರಿ ಮಾಡಿದ ಅಂಗಿ ತೊಟ್ಟಿದ್ದ. ತೋಳಿನ ತುಂಬ ಸುಣ್ಣದ ಹನಿ. ನಾಲ್ಕು ತಿಂಗಳಲ್ಲಿ ಮೊದಲ ಸಲ ಅವನು ನಗುತ್ತಿರುವುದನ್ನು ಅವಳು ಕಂಡಳು.

"ಬಂದ್ರಾ ದೊತೋರಾ?"

ಈ ಊರಿನಲ್ಲಿ ಓದಿದವರೆಲ್ಲ ದೊತೋರಾ, ಅಂದರೆ ಡಾಕ್ಟರು. ತಾನು ಡಾಕ್ಟರಲ್ಲ ಎಂದು ಜನವರಿಯಿಂದ ಹೇಳಿ ಹೇಳಿ ಅವಳಿಗೆ ಸಾಕಾಗಿತ್ತು. ಬೆಂಚಿನ ಮೇಲಿನ ಒಬ್ಬ ಮುದುಕ ಪ್ರತಿ ಸಲವೂ ಪ್ಯಾಂಟು ಮಡಚಿ ಮಂಡಿ ತೋರಿಸುತ್ತಿದ್ದ.

"ಇದೇನು?" ಅವಳು ಗೋಡೆಯತ್ತ ಕೈ ತೋರಿಸಿದಳು.

"ಸುಣ್ಣ."

"ಸುಣ್ಣ ಅಂತ ನನಗೂ ಕಾಣತ್ತೆ! ಯಾರು ಹೇಳಿದ್ದು ನಿಮಗೆ ಬಳೀರಿ ಅಂತ?"

"ಯಾರೂ ಹೇಳ್ಲಿಲ್ಲ."

"ಈ ಗೋಡೆ ಮುಟ್ಟಬೇಡಿ ಅಂತ ನಾನು ಎಷ್ಟು ಸಲ ಹೇಳಿದ್ದೆ? ಎಷ್ಟು ಸಲ?"

ಅವನ ನಗು ಮೆಲ್ಲಗೆ ಇಳಿಯಿತು. "ನೀವೇ ಹೇಳಿದ್ರಲ್ಲ... ಹೊಸ ಅರಮನೇನ ಎರಡೇ ದಿನದಲ್ಲಿ ಮುನ್ನೂರು ವರ್ಷದ್ದು ಮಾಡಿದ್ದೆ ಅಂತ. ಕಾಫಿ ಗಸಿಯಲ್ಲಿ. ಇದನ್ನೂ ಹಾಗೇ ಹಳೇದು ಮಾಡ್ಕೋತೀರಿ ಅಂದ್ಕೊಂಡೆ."

"ಅದು ಸೆಟ್! ಅದು ಸುಳ್ಳು! ಇದು ನಿಜವಾದ ಗೋಡೆಯಾಗಿತ್ತು! ಇಂಥದ್ದಕ್ಕೇ ನಾನು ನಲವತ್ತು ಊರು ಅಲೆದಿದ್ದು! ನನಗೆ ಆ ಹಳೇ ಗೋಡೆನೇ ಬೇಕು. ಈ ಸುಣ್ಣ ತೆಗೀರಿ. ಈಗಲೇ ತೆಗೀರಿ!"

ಬೇಕರಿಯ ಬಾಗಿಲಲ್ಲಿ ನಿಂತ ಹೆಂಗಸರು ಒಳಗೆ ಸರಿದರು. ಬೆಂಚಿನ ಮೇಲಿನ ಮೂವರೂ ಒಬ್ಬರ ಹಿಂದೊಬ್ಬರು ಟೋಪಿ ತೆಗೆದು ತೊಡೆಯ ಮೇಲಿಟ್ಟುಕೊಂಡರು.

'ಏನಾಯ್ತು ಇವರಿಗೆಲ್ಲ? ಸುಣ್ಣ ತಾನೇ? ಯಾರೋ ಸತ್ತ ಹಾಗೆ ಆಡ್ತಾರಲ್ಲ!'

ಒಟಾವಿಯು ಕೈಯಲ್ಲಿದ್ದ ಕುಂಚ ಕೆಳಗಿಟ್ಟ.

"ತೆಗೀಬೇಕಾ?"

"ಹೌದು."

"ಇನ್ನೂ ಹಸಿ ಇದೆ," ಎಂದ ನಿಧಾನವಾಗಿ. "ನೀರು ಹಾಕಿ ಉಜ್ಜಿದ್ರೆ ಹೋಗತ್ತೆ. ನಾಳೆ ಸಂಜೆ ಹೊತ್ತಿಗೆ ಸಿಗತ್ತೆ ನಿಮ್ಮ ಗೋಡೆ."

ತೋಳು ಮಡಚಿಕೊಂಡು ಬಕೆಟ್ ತರಲು ಬಾವಿಯ ಕಡೆ ಹೋದ.

ಜಗಳವಾಡಿದ್ದರೆ ಅವಳಿಗೆ ಎಷ್ಟೋ ವಾಸಿಯಾಗಿರುತ್ತಿತ್ತು.

*

ಅವನು ಮೊದಲಿನಿಂದಲೂ ಹೀಗೆಯೇ.

ಜನವರಿಯಲ್ಲಿ ಫಿಲೋಮೆನಾ ಈ ಊರಿಗೆ ಬಂದಾಗ ಅವಳ ತಾಳ್ಮೆ ಪೂರ್ತಿ ತೀರಿಹೋಗಿತ್ತು. ಚಿತ್ರದ ಕಥೆಗೆ ಬೇಕಾದದ್ದು ಒಂದೇ ಒಂದು ಕಲೆಗಟ್ಟಿದ ಗೋಡೆ. ಅದರ ಮುಂದೆ ಕೂತು ಕಾಯುವ ಒಬ್ಬ ಮುದುಕಿ. ಆದರೆ ಲಿಸ್ಬನ್ನಿಗೆ ದಕ್ಷಿಣದ ಈ ಅಲೆಂತೆಜು ಸೀಮೆಯಲ್ಲಿ ಕಲೆಯಿದ್ದ ಗೋಡೆ ಹುಡುಕುವುದೆಂದರೆ ಸಮುದ್ರದಲ್ಲಿ ಸಿಹಿನೀರು ಹುಡುಕಿದಂತೆ. ಇಲ್ಲಿನ ಹೆಂಗಸರು ವರ್ಷಕ್ಕೆರಡು ಸಲ ಮನೆಗೆ ಸುಣ್ಣ ಬಳಿಯುತ್ತಾರೆ. ಮರದ ಬುಡಕ್ಕೂ ಬಳಿಯುತ್ತಾರೆ. ಬಿಟ್ಟರೆ ಕೋಳಿಗೂ ಬಳಿದಾರು!

ಹಾಗಿರುವಾಗ ಈ ಗೋಡೆ ಕಂಡಿತ್ತು. ಅವಳು ಓಡಿಹೋಗಿ ಅದರ ಮೇಲೆ ಕೆನ್ನೆಯಿಟ್ಟು ನಿಂತಿದ್ದಳು.

"ಏನಾದ್ರೂ ಕೇಳಿಸ್ತಾ?" ಹಿಂದಿನಿಂದ ಒಬ್ಬ ಕೇಳಿದ್ದ. ತಲೆಗೂದಲ ತುಂಬ ಸುಣ್ಣದ ಪುಡಿ.

"ಈ ಗೋಡೆ ಯಾರದ್ದು? ನನಗೆ ಬೇಕು!"

"ತಗೊಂಡ್ಹೋಗಿ. ಸೂರು ಮಾತ್ರ ಬಿಟ್ಟು ಹೋಗಿ."

ಅವನ ಮುಖದಲ್ಲಿ ನಗುವಿರಲಿಲ್ಲ. ಅವಳೇ ನಕ್ಕಿದ್ದಳು.

ಆಮೇಲೆ ಅಳತೆಗೆಂದು, ಫೋಟೋಗೆಂದು, ಬೆಳಕು ನೋಡಲೆಂದು ನಾಲ್ಕು ಸಲ ಬಂದಳು. ಪ್ರತಿ ಸಲವೂ ಒಟಾವಿಯು ಬೆಳ್ಳುಳ್ಳಿ, ಕೊತ್ತಂಬರಿ ಅರೆದು, ಬಿಸಿನೀರಿನಲ್ಲಿ ಹಳೇ ರೊಟ್ಟಿ ನೆನೆಸಿ, ಮೇಲೊಂದು ಮೊಟ್ಟೆ ಒಡೆದು ಅವಳ ಮುಂದಿಡುತ್ತಿದ್ದ. ಅವನು ಎದುರಿಗೆ ಕೂತು ಸುಮ್ಮನಿರುತ್ತಿದ್ದ. ಆ ಸುಮ್ಮನಿರುವಿಕೆಯಲ್ಲಿ ಏನಿತ್ತೋ... ಅವಳು ಮಾತಾಡುತ್ತಲೇ ಹೋದಳು.

ಹದಿನೆಂಟಕ್ಕೆ ಲಿಸ್ಬನ್ನಿನ ನಾಟಕ ಶಾಲೆಯೊಂದರಲ್ಲಿ ಪರದೆಗಳಿಗೆ ಆಕಾಶ ಬಳಿದದ್ದು. ಇಪ್ಪತ್ತೆರಡು ವರ್ಷ, ಮೂವತ್ತೊಂದು ಚಿತ್ರಗಳಿಗೆ ಕಲಾ ನಿರ್ದೇಶನ ಮಾಡಿದ್ದು. ಹಲಗೆಯಲ್ಲಿ ಚರ್ಚು ಕಟ್ಟಿದ್ದು, ಗೋಣಿಚೀಲದಲ್ಲಿ ಬೆಟ್ಟ ಮಾಡಿದ್ದು. ಮೂವತ್ತೊಂದರಲ್ಲೂ ಅವಳ ಹೆಸರು ಪರದೆಯ ಮೇಲೆ ಬರುವ ಹೊತ್ತಿಗೆ ಜನ ಎದ್ದು ಕೋಟು ಹಾಕಿಕೊಳ್ಳುತ್ತಿದ್ದದ್ದು. ಈ ಚಿತ್ರದ ನಿರ್ಮಾಪಕ ನಡುವೆ ಕೈಬಿಟ್ಟಾಗ, "ನಾನೇ ಮಾಡ್ತೀನಿ" ಎಂದು ಅವಳು ಎದ್ದು ನಿಂತದ್ದು. "ಬಣ್ಣದವಳಿಗೆ ನಿರ್ಮಾಪಕಿಯಾಗೋ ಆಸೆ" ಎಂದು ಎಲ್ಲರೂ ನಕ್ಕದ್ದು. ಚಿತ್ರ ಈಗಾಗಲೇ ಎರಡು ಸಲ ಮುಂದಕ್ಕೆ ಹೋಗಿತ್ತು. ಮೂರನೆಯ ಸಲ ಹೋದರೆ ಅಲ್ಲಿಗೆ ಮುಗಿಯಿತು. ಮುಖ್ಯ ನಟಿಗೆ ಎಪ್ಪತ್ತೊಂಬತ್ತು. ಅವಳು ಇನ್ನೊಂದು ವರ್ಷ ಕಾಯಲಾರಳು.

ಗಂಡ ಬಿಟ್ಟುಹೋಗುವಾಗ ಹೇಳಿದ ಮಾತನ್ನೂ ಅವಳು ಒಟಾವಿಯುಗೆ ಹೇಳಿದ್ದಳು.

"ನಿನ್ನ ಕಣ್ಣಿಗೆ ಗೋಡೆಗಳು ಕಾಣ್ತವೆ ಮೆನಾ, ಮನುಷ್ಯರು ಕಾಣಲ್ಲ ಅಂದ."

ಒಟಾವಿಯು ಅವಳ ತಟ್ಟೆಗೆ ಇನ್ನೊಂದು ಮೊಟ್ಟೆ ಹಾಕಿದ್ದ.

ಏಪ್ರಿಲ್‌ನ ಕೊನೆಯ ಭೇಟಿಯಲ್ಲಿ, ಪಾತ್ರೆ ತೊಳೆಯುತ್ತ, ಅವನ ಕಡೆ ನೋಡದೆ ಅವಳು ಕೇಳಿದ್ದಳು:

"ಸಿನಿಮಾ ಮುಗಿದ ಮೇಲೂ ಈ ಮನೆಗೆ ಬರಬಹುದಾ... ನಾನು?"

ನಲವತ್ತರ ಹೆಂಗಸು ಹಾಗೆ ಕೇಳುವುದೆಂದರೆ ಸಣ್ಣ ಮಾತಲ್ಲ. ಅವಳ ಕಿವಿ ಬಿಸಿಯಾಗಿತ್ತು.

ಒಟಾವಿಯು ಒಂದೇ ತಟ್ಟೆಯನ್ನು ಮೂರು ಸಲ ಒರೆಸಿದ.

ಲಿಸ್ಬನ್ನಿಗೆ ಹಿಂದಿರುಗುವ ದಾರಿಯುದ್ದಕ್ಕೂ ಅವಳು ಸ್ಟಿಯರಿಂಗಿಗೆ ಗುದ್ದಿದ್ದಳು. 'ಹೌದು ಅನ್ನೋಕೆ ಏನು ಕಷ್ಟ? ಇಲ್ಲ ಅನ್ನೋಕಾದ್ರೂ ಏನು ಕಷ್ಟ? ಯಾಕಾದ್ರೂ ಕೇಳಿದೆನೋ!'

ಮಾತೆಂದರೆ ಅವನಿಗೆ ಸುಟ್ಟ ಸುಣ್ಣದ ಕಲ್ಲಿನ ಹಾಗೆ. ನೀರು ತಾಗಿದರೆ ಕುದ್ದು ಯಾರ ಕೈಯನ್ನಾದರೂ ಸುಟ್ಟೀತೆಂದು ಒಣಗಿದ ಜಾಗದಲ್ಲಿ ಮುಚ್ಚಿಟ್ಟುಕೊಂಡಿದ್ದ.

*

ಶನಿವಾರ ಮಧ್ಯಾಹ್ನದ ಹೊತ್ತಿಗೆ ಗೋಡೆಯ ಬಲಭಾಗ, ಬಾಗಿಲ ಪಕ್ಕದ ಅಂಗೈ ಕಲೆಯೂ ಸೇರಿ, ಹಿಂತಿರುಗಿತ್ತು. ಒಟಾವಿಯು ಹಿಂದಿನ ದಿನದಿಂದ ಉಜ್ಜುತ್ತಲೇ ಇದ್ದ. ಹಿಂಡಿದ ಬಟ್ಟೆಯಿಂದ ಬಿಳಿ ನೀರು ಇಳಿದು ಬೀದಿಯ ಕಲ್ಲುಗಳ ನಡುವೆ ಹರಿಯುತ್ತಿತ್ತು. ಎಡಭಾಗ ಇನ್ನೂ ಬಿಳಿಯಾಗಿಯೇ ಇತ್ತು. ಅದು ಒಣಗದಿರಲೆಂದು ಒದ್ದೆ ಗೋಣಿ ಹೊದಿಸಿದ್ದ.

"ಪವಾಡ ಮೆನಾ, ಪವಾಡ!" ನಿರ್ದೇಶಕ ತೆಲ್ಮು ಕುಣಿದಾಡುತ್ತಿದ್ದ. ಒಂದು ಸಿಗರೇಟಿನಿಂದ ಇನ್ನೊಂದನ್ನು ಹಚ್ಚುವ, ದಿನಕ್ಕೆ ಹತ್ತು ಸಲ ಚಿತ್ರ ಸತ್ತಿತೆಂದು ಘೋಷಿಸುವ ಮನುಷ್ಯ ಅವನು. "ಆ ಕಂದು ಗೆರೆ ಹಾಗೇ ಇದೆ! ನಾವು ಬದುಕಿಕೊಂಡ್ವಿ!"

ಆದರೆ ಊರು ಮಾತ್ರ ಅವಳ ಮುಖ ನೋಡುತ್ತಿರಲಿಲ್ಲ.

ಬೇಕರಿಗೆ ಹೋದಳು.

"ಒಂದು ರೊಟ್ಟಿ ಕೊಡಿ."

"ಇಲ್ಲ."

"ನಿಮ್ಮ ಹಿಂದೆ ಇಪ್ಪತ್ತಿವೆಯಲ್ರೀ!"

"ಅವು ರೊಟ್ಟಿಯಲ್ಲ," ಎಂದು ಬೇಕರಿಯವಳು ಬೆನ್ನು ತಿರುಗಿಸಿದಳು.

ಬೆಂಚಿನ ಮುದುಕ ಅವಳಿಗೆ ಮಂಡಿ ತೋರಿಸುವುದನ್ನೂ ನಿಲ್ಲಿಸಿದ್ದ.

ಫಿಲೋಮೆನಾ ಬಾವಿಕಟ್ಟೆಯ ಮೇಲೆ ಕುಸಿದು ಕೂತಳು. 'ಏನು ಹುಚ್ಚರ ಊರಪ್ಪಾ ಇದು! ನನ್ನ ಕೆಲಸ ಕೆಡಿಸಿದ್ದು ಅವನು. ಬೈಸಿಕೊಳ್ಳಬೇಕಾದವನೂ ಅವನೇ. ಎಲ್ಲರೂ ನನ್ನ ಮೇಲೆ ಯಾಕೆ...'

ಎದುರಿಗೊಂದು ಊರುಗೋಲು ಬಂದು ನಿಂತಿತು. ಅದರ ಮೇಲೆ ಬಾಗಿ ನಿಂತ, ತಲೆಯಿಂದ ಕಾಲಿನವರೆಗೆ ಕಪ್ಪು ಬಟ್ಟೆಯ ಪುಟ್ಟ ಮುದುಕಿ. ಒಟಾವಿಯುವಿನ ಪಕ್ಕದ ಮನೆಯ ದೋನಾ ಬೆಂತಾ. ಈವರೆಗೆ ಫಿಲೋಮೆನಾಗೆ ಅವಳ ಹೆಸರು ಮಾತ್ರ ಗೊತ್ತಿತ್ತು.

"ಸಿನಿಮಾದೋರಿಗೆ ಕಣ್ಣಿರತ್ತೆ ಅಂದ್ಕೊಂಡಿದ್ದೆ."

"ನೀವೂ ಶುರು ಮಾಡ್ಬೇಡಿ ದೋನಾ ಬೆಂತಾ, ನನಗೆ ತಲೆ ಸಿಡೀತಿದೆ."

"ಸಿಡೀಲಿ. ಆ ಗೋಡೆ ಯಾಕೆ ಹಾಗಿತ್ತು ಅಂತ ಯಾವತ್ತಾದ್ರೂ ಕೇಳಿದ್ಯಾ?"

ಫಿಲೋಮೆನಾ ಗೋಡೆಯ ಕಡೆ ನೋಡಿದಳು.

ನೂರಾ ಹದಿನೇಳು ಫೋಟೋ ತೆಗೆದಿದ್ದಳು. ಕೇಳಿರಲಿಲ್ಲ.

"ಊರಿಗೆಲ್ಲ ಸುಣ್ಣ ಕೊಡೋನ ಮನೆ ಗೋಡೆಗೆ ಸುಣ್ಣ ಇಲ್ಲ. ವಿಚಿತ್ರ ಅನ್ನಿಸ್ಲಿಲ್ವಾ ನಿಂಗೆ?" ಮುದುಕಿ ಪಕ್ಕದಲ್ಲಿ ಕೂತಳು. "ಸಾವಾದ ಮನೆಗೆ ನಮ್ಮಲ್ಲಿ ಒಂದು ವರ್ಷ ಸುಣ್ಣ ಬಳಿಯಲ್ಲ ಮಗಳೇ. ಇವನು ಏಳು ವರ್ಷ ಬಳೀಲಿಲ್ಲ. ಬಾಗಿಲ ಹತ್ರ ಕೈ ಗುರುತಿತ್ತಲ್ಲ, ಅದು ನಮ್ಮ ಅಲ್ಜೀರಾದು. ನನ್ನ ಮಗಳು. ಅವನ ಹೆಂಡತಿ."

ಫಿಲೋಮೆನಾಗೆ ಬಾವಿಕಟ್ಟೆ ತಣ್ಣಗಾದಂತಾಯಿತು.

"ನಾನೇ ಕಾಲಿಗೆ ಬಿದ್ದು ಕೇಳ್ದೆ. ಬಳಿಯೋ ಒಟಾವಿಯು, ಹೋದೋಳು ನನ್ನ ಮಗಳು, ನಾನೇ ಹೇಳ್ತಿದೀನಿ ಬಳಿಯೋ ಅಂತ. ಪಾದ್ರಿ ಹೇಳಿದ್ರು. ಕಲ್ಲು! ಅಲುಗ್ಲಿಲ್ಲ. ಮೊನ್ನೆ ಗುರುವಾರ ತಾನೇ ಬಂದು ನಿಂತ. ಅಮ್ಮಾ, ಅಲ್ಜೀರಾ ಕುಂಚ ಎಲ್ಲಿಟ್ಟಿದೀರಿ ಅಂದ. ಯಾಕೋ ಅಂದೆ. ದುಃಖದ ಗೋಡೆ ಇರೋ ಮನೆಗೆ ಇನ್ನೊಬ್ಬ ಹೆಂಗಸನ್ನ ಕರೆಯೋ ಹಾಗಿಲ್ವಲ್ಲ ಅಂದ."

"ಅಂದ್ರೆ..."

"ಅಂದ್ರೆ ಏನು ಅಂದ್ರೆ? ಊರಲ್ಲಿ ಎಲ್ರಿಗೂ ಗೊತ್ತಾಯ್ತು, ನಿಂಗೊಬ್ಳಿಗೆ ಬಿಟ್ಟು! ಸುಣ್ಣ ಸುಡೋದು ಗಂಡಸು, ಬಳಿಯೋದು ಹೆಂಗಸು. ಯಾರು ಬಳೀತಾಳೋ ಮನೆ ಅವಳದ್ದು. ಬಳಿಯೋಳಿಲ್ಲ ಅಂತ ತಾನೇ ಏಣಿ ಹತ್ತಿದ. ಬೆಂಚಿನ ಮೇಲಿರೋ ಆ ಮೂರು ಕತ್ತೆಗಳೂ ನಗ್ಲಿಲ್ಲ. ನೀನು ಕಾರಿಂದ ಇಳಿದೆ, ತೆಗಿ ಅಂದೆ. ಇಡೀ ಬೀದಿ ಮುಂದೆ!"

ಏಪ್ರಿಲ್‌ನಲ್ಲಿ ತಾನು ಕೇಳಿದ ಪ್ರಶ್ನೆ ಫಿಲೋಮೆನಾಗೆ ನೆನಪಾಯಿತು. ಅದಕ್ಕೆ ಉತ್ತರ ಬಂದಿತ್ತು. ಮೂರಾಳೆತ್ತರ, ಹತ್ತು ಮಾರು ಅಗಲದ ಉತ್ತರ! ಅದನ್ನು ಅಳಿಸೆಂದು ಅವಳೇ ಕೂಗಿದ್ದಳು. ಅವನು ಅಳಿಸುತ್ತಿದ್ದ.

'ನಿನ್ನ ಕಣ್ಣಿಗೆ ಗೋಡೆಗಳು ಕಾಣ್ತವೆ ಮೆನಾ...'

ಗೋಡೆಯೂ ಕಂಡಿರಲಿಲ್ಲ.

*

"ನಿಲ್ಸಿ!"

ಒಟಾವಿಯು ಗೋಣಿ ಸರಿಸುತ್ತಿದ್ದವನು ತಿರುಗಿದ. ಸುಣ್ಣದ ನೀರಿಗೆ ಅವನ ಬೆರಳ ತುದಿಗಳು ಬಿರಿದು ಕೆಂಪಾಗಿದ್ದವು.

"ಇನ್ನೂ ಅರ್ಧ ಇದೆ."

"ನಿಲ್ಸಿ ಅಂದೆ!"

"ನಿನ್ನೆ ತೆಗೀರಿ ಅಂದ್ರಿ. ಇವತ್ತು ನಿಲ್ಸಿ ಅಂತೀರಿ..."

"ಯಾಕೆ ಹೇಳ್ಲಿಲ್ಲ ನೀವು?"

"ಏನನ್ನ?"

ಅವಳಿಗೆ ಅಳುವೂ ಸಿಟ್ಟೂ ಒಟ್ಟಿಗೇ ಉಕ್ಕಿತು. "ಏನನ್ನ?! ಅಯ್ಯೋ ದೇವರೇ, ಈ ಮನುಷ್ಯನ್ನ ನಾನು ಏನು ಮಾಡ್ಲಿ? ಬಾಯಿ ಇರೋದು ಯಾಕ್ರೀ ನಿಮಗೆ? ರೊಟ್ಟಿ ತಿನ್ನೋಕಾ?"

"ನಿಮಗೆ ಗೋಡೆ ಬೇಕಿತ್ತು," ಎಂದ. "ಸೋಮವಾರ ಬೇಕಿತ್ತು. ಇಪ್ಪತ್ತೆರಡು ವರ್ಷದ ಕೆಲಸ ನಿಮ್ಮದು."

ಅಷ್ಟೇ. ಅವನು ಮತ್ತೆ ಬಟ್ಟೆ ಹಿಂಡಿದ.

ಅವಳು ಆ ಬಟ್ಟೆಯನ್ನು ಕಿತ್ತು ಬಕೆಟ್ಟಿಗೆ ಎಸೆದು ತೆಲ್ಮುವಿನ ಕಡೆ ತಿರುಗಿದಳು.

"ಪ್ಲೈವುಡ್ ತರಿಸು. ಮೂವತ್ತು ಹಲಗೆ. ಗಾರೆ, ಮಸಿ, ಕೆಮ್ಮಣ್ಣು. ಊರಲ್ಲಿರೋ ಎಲ್ಲ ಕಾಫಿ ಗಸಿ. ಈ ಗೋಡೆ ಮುಂದೆ ನಾನೊಂದು ಗೋಡೆ ಕಟ್ತೀನಿ. ಇದನ್ನ ಇನ್ನು ಯಾರೂ ಮುಟ್ಟೋ ಹಾಗಿಲ್ಲ."

ತೆಲ್ಮುವಿನ ಬಾಯಿಂದ ಸಿಗರೇಟು ಬಿತ್ತು. "ನಿಂಗೆ ಹುಚ್ಚು ಹಿಡೀತಾ? ನಿಜವಾದ ಗೋಡೆ ಅರ್ಧ ಕೈಗೆ ಬಂದಿದೆ! ಸುಳ್ಳು ಗೋಡೆನಾ? ಒಂದೂವರೆ ದಿನದಲ್ಲಾ? ಸತ್ತಿತು, ಚಿತ್ರ ಸತ್ತಿತು!"

"ಮೂವತ್ತೊಂದು ಚಿತ್ರ ಸುಳ್ಳು ಕಟ್ಟಿ ಬದುಕಿದೋಳು ನಾನು. ಇದೊಂದು ಸುಳ್ಳು ಕಟ್ಟೋಕಾಗ್ಲಿಲ್ಲ ಅಂದ್ರೆ ನನ್ನ ಹೆಸರು ಬರುವಾಗ ಜನ ಎದ್ದು ಹೋಗೋದೇ ಸರಿ. ನಿರ್ಮಾಪಕಿ ಯಾರು ಇಲ್ಲಿ?"

"...ನೀನು."

"ಹೋಗು, ಪ್ಲೈವುಡ್!"

ಮೊದಲು ಬಂದವಳು ಬೇಕರಿಯವಳು. ಕಂಕುಳಲ್ಲಿ ರೊಟ್ಟಿ, ಕೈಯಲ್ಲೊಂದು ಡಬ್ಬ ಕಾಫಿ ಗಸಿ. ರೊಟ್ಟಿಯನ್ನು ಫಿಲೋಮೆನಾಳ ಕೈಗೆ ತುರುಕಿದಳು. ಅವಳ ಹಿಂದೆ ಬೀದಿಯ ಹೆಂಗಸರೆಲ್ಲ ಬಂದರು.

ಸಹಾಯ ಸಿಕ್ಕಿತೆಂದು ಹಿಗ್ಗಿದ್ದೇ ತಪ್ಪಾಯಿತು. ಹುಟ್ಟಿದಂದಿನಿಂದ ಗೋಡೆಯ ಕಲೆ ಮುಚ್ಚಿಯೇ ಬದುಕಿದ ಹೆಂಗಸರು ಅವರು. ಕೊಳಕು ಮಾಡಿ ಎಂದರೆ ಅವರ ಕೈ ಏಳದು! ಹಲಗೆ ನಿಲ್ಲಿಸಿದ ಮೇಲೆ ಫಿಲೋಮೆನಾ ಒಂದು ಗಂಟೆ ಏಣಿಯ ಮೇಲೆ ಕೂತು ಸೂರಿನ ಕೆಳಗೆ ಮಳೆನೀರಿನ ಗೆರೆ ಮೂಡಿಸಿದಳು. ಮಸಿ ತರಲು ಹೋಗಿ ಬರುವಷ್ಟರಲ್ಲಿ ಗೆರೆ ಮಾಯ.

"ಎಲ್ಲಿ ನನ್ನ ಗೆರೆ?"

"ಕಲೆ ಬಿದ್ದಿತ್ತು ದೊತೋರಾ," ಎಂದಳು ಬೇಕರಿಯವಳು ಏಪ್ರನ್ ತೋರಿಸಿ. "ಒರೆಸಿಬಿಟ್ಟೆ."

"ಅದು ನಾನು ಬರೆದ ಕಲೆ!"

"ಹೌದಾ? ನಿಮ್ಮ ಕೈ ಸ್ವಲ್ಪ ಒರಟು."

ಭಾನುವಾರ ಪೂಜೆ ಮುಗಿಸಿ ಬಂದವರು ಮತ್ತೆರಡು ಕಲೆ ಒರೆಸಿದರು. ಕೊನೆಗೆ ದೋನಾ ಬೆಂತಾ ಊರುಗೋಲು ಹಿಡಿದು ಸುಳ್ಳು ಗೋಡೆಗೆ ಕಾವಲು ಕೂತಳು. "ಯಾರಾದ್ರೂ ಬಟ್ಟೆ ಹಿಡ್ಕೊಂಡು ಹತ್ರ ಬಂದ್ರೆ ಕಾಲು ಮುರೀತೀನಿ!"

ಭಾನುವಾರ ಸಂಜೆ, ಬಾಗಿಲ ಪಕ್ಕ ಅಂಗೈ ಕಲೆ ಮೂಡಿಸಬೇಕಾದ ಕಡೆ, ಫಿಲೋಮೆನಾಳ ಕೈ ನಿಂತಿತು. ಫೋಟೋದಲ್ಲಿ ಅದು ಸ್ಪಷ್ಟವಾಗಿತ್ತು. ಅವಳು ಅದನ್ನು ಬರೆಯಲಿಲ್ಲ. ಆ ಜಾಗ ಖಾಲಿ ಬಿಟ್ಟಳು.

ಹಿಂದೆ ನಿಂತು ನೋಡುತ್ತಿದ್ದ ಒಟಾವಿಯು ಅವಳ ಪಕ್ಕ ಒಂದು ಬಟ್ಟಲು ನೀರಿಟ್ಟು ಹೋದ.

ಸೋಮವಾರ ಹತ್ತೂ ಹತ್ತಕ್ಕೆ ಕ್ಯಾಮೆರಾ ತಿರುಗಿತು. ಮುಖ್ಯ ನಟಿ ಬಂದು ಗೋಡೆಯನ್ನು ಮೇಲೆ ಕೆಳಗೆ ನೋಡಿ, "ಕೊನೆಗೂ ಒಂದು ನಿಜವಾದ ಗೋಡೆ!" ಎಂದಳು. ತೆಲ್ಮು ಕೆಮ್ಮಿದ.

*

ಆರು ವಾರ ಚಿತ್ರೀಕರಣ ನಡೆಯಿತು. ಆರು ವಾರವೂ ಒಟಾವಿಯು ಮಧ್ಯಾಹ್ನ ಅವಳ ಕುರ್ಚಿಯ ಪಕ್ಕ ರೊಟ್ಟಿಯ ಸಾರು ತಂದಿಟ್ಟು ಹೋಗುತ್ತಿದ್ದ. ಅವಳು ಕಾಯುತ್ತಿದ್ದಳು, ಒಂದು ಮಾತಾದರೂ ಬರಬಹುದೆಂದು. ಬರುತ್ತಿದ್ದದ್ದು, "ಉಪ್ಪು ಸರಿ ಇದೆಯಾ?" ಎಂಬುದೊಂದೇ.

"ಉಪ್ಪು ಸರಿ ಇದೆ!" ಎಂದು ಅವಳು ಹಲ್ಲು ಕಚ್ಚಿ ಹೇಳುತ್ತಿದ್ದಳು.

ಜುಲೈ ಮೊದಲ ವಾರ. ಕೊನೆಯ ದೃಶ್ಯ ಮುಗಿಯಿತು. ತೆಲ್ಮು ಮಗುವಿನಂತೆ ಅತ್ತ. ವ್ಯಾನುಗಳು ತುಂಬಿದವು. ಫಿಲೋಮೆನಾಳ ಸೂಟ್‌ಕೇಸ್ ಕಾರಿನ ಡಿಕ್ಕಿಯಲ್ಲಿತ್ತು. ಕೀಲಿ ಕೈಯಲ್ಲಿತ್ತು.

'ಅವನು ತಡೆಯಲ್ಲ. ಗೊತ್ತು. ಹಾಗಾದ್ರೆ ನಾನೇನು ಮಾಡ್ತಿದೀನಿ ಇಲ್ಲಿ?'

ಬಡಗಿಗಳು ಸುಳ್ಳು ಗೋಡೆಯ ಹಲಗೆಗಳನ್ನು ಒಂದೊಂದಾಗಿ ಬಿಚ್ಚಿದರು. ಹಿಂದಿನಿಂದ ನಿಜವಾದ ಗೋಡೆ ಕಾಣಿಸಿತು. ಎಡಕ್ಕೆ ಅರ್ಧ ಬಿಳಿ. ಬಲಕ್ಕೆ ಅರ್ಧ ಏಳು ವರ್ಷದ ಕಂದು. ಅವನ ಮಾತೂ ಹೀಗೇ ಎಲ್ಲೋ ಅರ್ಧಕ್ಕೆ ನಿಂತಿರಬಹುದೆಂದು ಅವಳಿಗನ್ನಿಸಿತು.

ಬಾಗಿಲ ಬಳಿ ಒಟಾವಿಯು ನಿಂತಿದ್ದ. ಅವನ ಕಾಲ ಬಳಿ ಬಕೆಟ್. ಬಕೆಟ್ಟಿನಲ್ಲಿ ಅರಳಿಸಿ ಸೋಸಿದ ಸುಣ್ಣ. ಏಣಿ ಒರಗಿಸಿತ್ತು. ಕುಂಚ ಮಾತ್ರ ಇರಲಿಲ್ಲ.

ಕುಂಚ ದೋನಾ ಬೆಂತಾಳ ಕೈಯಲ್ಲಿತ್ತು. ಹಿಡಿ ಸವೆದು ನುಣುಪಾದ, ಉದ್ದ ಕೋಲಿನ, ಅಲ್ಜೀರಾಳ ಕುಂಚ. ಮುದುಕಿ ಅದನ್ನು ಕೊಡಲಿಲ್ಲ. ಸುಮ್ಮನೆ ಮುಂದೆ ಹಿಡಿದಳು.

ಬೆಂಚಿನ ಮೂವರು ಮುಂದಕ್ಕೆ ಬಾಗಿದರು.

ಫಿಲೋಮೆನಾ ಕೀಲಿಯನ್ನು ಬಾವಿಕಟ್ಟೆಯ ಮೇಲಿಟ್ಟಳು. ಕುಂಚ ತೆಗೆದುಕೊಂಡಳು. ದೋನಾ ಬೆಂತಾ ತನ್ನ ಏಪ್ರನ್ ಬಿಚ್ಚಿ ಅವಳ ಸೊಂಟಕ್ಕೆ ಕಟ್ಟಿದಳು. ಗಂಟು ಬಿಗಿಯಾಗಿ ಬಿತ್ತು.

"ಸೂರಿಂದ ಶುರು ಮಾಡು ಮಗಳೇ. ಕೆಳಗಿಂದ ಬಳಿಯೋಳು ಲಿಸ್ಬನ್ನಿನೋಳು ಅಂತ ಎಲ್ರಿಗೂ ಗೊತ್ತಾಗತ್ತೆ."

ಫಿಲೋಮೆನಾ ಏಣಿ ಹತ್ತಿದಳು. ಮೂವತ್ತೊಂದು ಚಿತ್ರಗಳ ಕೈ. ಆದರೂ ಸುಣ್ಣ ಕಣ್ಣಿಗೆ ಹಾರಿತು, ಕೂದಲಿಗೆ ಬಿತ್ತು, ಅರ್ಧ ನೆಲಕ್ಕೆ ಸುರಿಯಿತು. ಬಾಗಿಲ ಪಕ್ಕದ ಅಂಗೈ ಕಲೆಯ ಬಳಿ ಬಂದಾಗ ಅವಳು ಕೆಳಗಿಳಿದು ಒಟಾವಿಯುವಿನ ಕಡೆ ನೋಡಿದಳು. ಅವನು ಒಂದು ಕ್ಷಣ ಕಣ್ಣು ಮುಚ್ಚಿದ. ಆಮೇಲೆ ತಲೆಯಾಡಿಸಿದ. ಅವಳು ಅಲ್ಲಿ ಎಲ್ಲಕ್ಕಿಂತ ಮೆಲ್ಲಗೆ ಬಳಿದು, ಮತ್ತೆ ಏಣಿ ಹತ್ತಿದಳು.

"ಮೇಲಿನ ಮೂಲೆ ಬಿಟ್ಟೆ," ಎಂದ ಅವನು ಸ್ವಲ್ಪ ಹೊತ್ತಿನ ಮೇಲೆ.

ಅವಳು ತಿರುಗಿದಳು. "ಬಿಟ್ಟೆ? ನಿನ್ನೆವರೆಗೂ ಬಿಟ್ರಿ ಅಂತಿದ್ರಿ."

"ಏಣಿ ಮೇಲಿರೋರಿಗೆ ಮರ್ಯಾದೆ ಕೊಟ್ರೆ ಕುತ್ತಿಗೆ ನೋಯತ್ತೆ."

"ಹಾಗಾದ್ರೆ ನೀನೇ ಹತ್ತು!"

"ನಾನು ಸುಡೋನು."

ಬೆಂಚಿನಿಂದ ಯಾರೋ ಕಿಸಕ್ಕನೆ ನಕ್ಕರು. "ದೊತೋರಾ, ಇನ್ನು ಇಲ್ಲೇ ಇರ್ತೀರಲ್ಲ... ಆಮೇಲಾದ್ರೂ ನನ್ನ ಮಂಡಿ ನೋಡಿ!"

ಫಿಲೋಮೆನಾ ಸುಣ್ಣದ ಕೈಯಿಂದಲೇ ಕಣ್ಣೊರೆಸಿಕೊಂಡಳು. ಕಣ್ಣು ಇನ್ನಷ್ಟು ಉರಿಯಿತು.

"ಏಪ್ರಿಲ್‌ನಲ್ಲಿ ನಾನೊಂದು ಪ್ರಶ್ನೆ ಕೇಳಿದ್ದೆ. ನೆನಪಿದೆಯಾ ನಿನಗೆ?"

"ಇದೆ."

"ಮತ್ತೆ?"

ಒಟಾವಿಯು ಏಣಿಯ ಎರಡೂ ಕಾಲುಗಳನ್ನು ಎರಡೂ ಕೈಯಲ್ಲಿ ಹಿಡಿದುಕೊಂಡ.

"ಬಿಗಿಯಾಗಿ ಹಿಡ್ಕೊಂಡಿದೀನಿ," ಎಂದ. "ಇನ್ನೊಂದು ಮೆಟ್ಟಿಲು ಹತ್ತು, ಮೂಲೆ ಸಿಗತ್ತೆ."

"ಥೂ, ನಿನ್ನ!" ಎಂದಳು ಅವಳು. ಹತ್ತಿದಳು. ಮೂಲೆ ಸಿಕ್ಕಿತು.

ಬಾ ಎಂದು ಅವನು ಆವತ್ತೂ ಹೇಳಲಿಲ್ಲ, ಆಮೇಲೂ ಹೇಳಲಿಲ್ಲ.